ಗಿರಾಕಿಯ ಮನ ಗೆದ್ದ ನಾಯಿ

ಕೊಳ್ಳೇಗಾಲದಿಂದ ಹನೂರಿನ ಮಾರ್ಗವಾಗಿ ಮಾದಪ್ಪನ ಬೆಟ್ಟಕ್ಕೆ ಹೊರಟವರಾಗಲಿ, ಯಳಂದೂರಿನಿಂದ ಬಿಳಿಗಿರಿರಂಗನ ಬೆಟ್ಟವನ್ನು ಹತ್ತುವವರಾಗಲಿ, ದಾರಿಯ ಅಂಗಡಿಗಳಲ್ಲಿ ಹುಲಿಯನ್ನೇರಿದ ಮಾದಪ್ಪನ ಪಟವನ್ನು ಕಾಣದಿರಲಾರರು. ಅದೇ ಅಂಗಡಿಯ ಜಗಲಿಯ ನೆರಳಿನಲ್ಲಿ ಮುದುಡಿ ಮಲಗಿರುವ ಬೀದಿನಾಯಿಯ ಕಡೆಗೆ ಮಾತ್ರ ಯಾರ ದೃಷ್ಟಿಯೂ ಹರಿಯದು. ಆದರೆ ವ್ಯಾಪಾರದ ಚರಿತ್ರೆಯನ್ನು ನೋಡಿದರೆ, ಗಿರಾಕಿಯ ಮನಸ್ಸನ್ನು ಗೆದ್ದುಕೊಟ್ಟದ್ದು ಎಷ್ಟೋ ಸಲ ಒಂದು ನಾಯಿಯೇ!

ಹಳೆಯ ಮನೆಗಳ ಗ್ರಾಮಫೋನ್ ತಟ್ಟೆಗಳನ್ನು ನೆನೆದುಕೊಳ್ಳಿ. ಕಹಳೆಯ ಮುಂದೆ ಕತ್ತು ಓರೆಮಾಡಿ ಕುಳಿತು ಆಲಿಸುತ್ತಿದ್ದ ಆ ನಾಯಿಯ ಹೆಸರು ನಿಪ್ಪರ್. 1884ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್ ನಗರದಲ್ಲಿ ಅದು ಹುಟ್ಟಿತು. ಒಡೆಯನು ತೀರಿಕೊಂಡ ಮೇಲೆ ಅದನ್ನು ಸಾಕಿದವನು ಅವನ ತಮ್ಮ, ಚಿತ್ರಕಾರ ಫ್ರಾನ್ಸಿಸ್ ಬರಾಡ್. ನಾಯಿಯೂ ಸತ್ತ ಬಳಿಕ ಅವನು ನೆನಪಿನಿಂದ ಬರೆದ ಚಿತ್ರವನ್ನು 1899ರಲ್ಲಿ ಗ್ರಾಮಫೋನ್ ಕಂಪೆನಿ ಕೊಂಡಿತು. ಚಿತ್ರಕ್ಕೆ ಐವತ್ತು, ಅದರ ಹಕ್ಕಿಗೆ ಐವತ್ತು, ಒಟ್ಟು ನೂರು ಪೌಂಡುಗಳು! ಒಡೆಯನ ದನಿಗೆ ಕಿವಿಗೊಟ್ಟ ಆ ನಿಷ್ಠೆ ಯಂತ್ರದ ಗುಣಗಾನಕ್ಕಿಂತ ಹೆಚ್ಚು ಜನರ ಮನಸ್ಸಿಗೆ ನಾಟಿತು.

ನಮ್ಮ ಕಾಲದಲ್ಲಿ ಅಂಥ ಕೀರ್ತಿ ದೊರೆತದ್ದು ಚೀಕಾ ಎಂಬ ಪಗ್ ನಾಯಿಗೆ. 2003ರಲ್ಲಿ ಹಚ್ ದೂರವಾಣಿ ಕಂಪೆನಿಗಾಗಿ ಬೆಂಗಳೂರಿನ ನಿರ್ವಾಣ ಫಿಲ್ಮ್ಸ್ ತಯಾರಿಸಿದ ಜಾಹೀರಾತಿನಲ್ಲಿ, ಪುಟ್ಟ ಹುಡುಗನೊಬ್ಬನು ಹೋದಲ್ಲೆಲ್ಲ ಅದು ಬೆನ್ನುಬಿಡದೆ ಹಿಂಬಾಲಿಸುತ್ತದೆ. ದರದ ಮಾತಿಲ್ಲ, ಯಂತ್ರದ ವರ್ಣನೆಯಿಲ್ಲ. ನೋಡಿದವರು ನಕ್ಕರು, ಮೆಚ್ಚಿದರು. ಆದರೆ ಮಕ್ಕಳು ಬೇಡಿದ್ದು ದೂರವಾಣಿಯನ್ನಲ್ಲ, ನಾಯಿಯನ್ನು! ಪಗ್ ಮರಿಗಳಿಗೆ ಎಲ್ಲೆಡೆ ಬೇಡಿಕೆ ಏರಿತು.

ತೊಡಕು ಇಲ್ಲಿಯೇ ಇದೆ. ನಾಯಿಯು ನಮ್ಮಂತೆ ಬೆವರಿ ಮೈ ತಣಿಸಿಕೊಳ್ಳಲಾರದು. ಏದುಸಿರು ಬಿಟ್ಟೇ ಶಾಖವನ್ನು ಹೊರಹಾಕಬೇಕು. ಪಗ್‌ನ ಚಪ್ಪಟೆ ಮೂತಿಯಲ್ಲಿ ಉಸಿರಿನ ದಾರಿ ಕಿರಿದು. ನಮ್ಮ ಬಯಲು ಸೀಮೆಯ ಬೇಸಗೆ ಅದಕ್ಕೆ ಕಠಿಣವಾದ ಶಿಕ್ಷೆ. ಜಾಹೀರಾತು ಕೆಲವು ಕ್ಷಣಗಳಲ್ಲಿ ಮುಗಿಯಿತು; ಮನೆಗೆ ಬಂದ ಮರಿ ಹತ್ತು ಹನ್ನೆರಡು ವರ್ಷ ಬಾಳಬೇಕು.

ಈ ಎಚ್ಚರವನ್ನು ಕನ್ನಡದ ಚಿತ್ರವೊಂದೇ ನೀಡಿತೆಂಬುದು ಸಂತೋಷದ ಸಂಗತಿ. ಕಾಸರಗೋಡಿನ ಕಿರಣ್‌ರಾಜ್ ನಿರ್ದೇಶಿಸಿ, ರಕ್ಷಿತ್ ಶೆಟ್ಟಿಯವರು ನಟಿಸಿದ ‘777 ಚಾರ್ಲಿ’ 2022ರ ಜೂನ್ 10ರಂದು ತೆರೆಕಂಡಿತು. ಬಿಡುಗಡೆಗೆ ಮುನ್ನ ಜನರನ್ನು ಸೆಳೆದದ್ದು ನಾಯಕನ ಹೊಡೆದಾಟವಲ್ಲ, ಚಾರ್ಲಿಯ ತುಂಟಾಟ. ನಗಿಸುತ್ತ ಒಳಗೆ ಕರೆದ ಚಿತ್ರ, ರಕ್ತಸಂಬಂಧದ ನಾಯಿಗಳನ್ನೇ ಕೂಡಿಸಿ ಮರಿ ಮಾರುವವರ ಕ್ರೌರ್ಯವನ್ನು ತೋರಿಸಿ ಅಳಿಸಿತು. ಆಗ ಮುಖ್ಯಮಂತ್ರಿಗಳಾಗಿದ್ದ ಬಸವರಾಜ ಬೊಮ್ಮಾಯಿಯವರೂ ಕಣ್ಣೊರೆಸಿಕೊಂಡರು. ಸರ್ಕಾರ ಆರು ತಿಂಗಳು ತೆರಿಗೆಯ ವಿನಾಯಿತಿ ನೀಡಿತು.

ನಮ್ಮ ಊರುಗಳ ವರ್ತಕರಿಗೂ ಇದರಲ್ಲಿ ಪಾಠವುಂಟು. ನಾಯಿಯ ಚಿತ್ರ ತೂಗುಹಾಕುವುದಕ್ಕೆ ಹೆಚ್ಚು ಹಣ ಬೇಡ. ಆದರೆ ಬೇಸಗೆಯಲ್ಲಿ ಬಾಗಿಲ ಬಳಿ ಮಣ್ಣಿನ ತಟ್ಟೆಯೊಂದರಲ್ಲಿ ನೀರಿಟ್ಟು, ‘ನಾಲ್ಕು ಕಾಲಿನ ಗಿರಾಕಿಗಳಿಗೆ ಉಚಿತ’ ಎಂದು ಬರೆಸಿದರೆ, ಎರಡು ಕಾಲಿನ ಗಿರಾಕಿಯೂ ನಕ್ಕು ಒಳಗೆ ಬಂದಾನು. ಬೀದಿಯ ಆ ನಾಯಿಗೆ ಹುಚ್ಚುರೋಗದ ಚುಚ್ಚುಮದ್ದು ಹಾಕಿಸಿದರೆ ಓಣಿಯ ಮಕ್ಕಳಿಗೂ ಕ್ಷೇಮ. ನಾಯಿಗಳ ರೋಗ ಕಾಡಿನ ಮೃಗಗಳಿಗೂ ಹರಡಬಲ್ಲದಾದ್ದರಿಂದ, ಬೆಟ್ಟದ ಸೆರಗಿನ ಊರುಗಳಲ್ಲಿ ಈ ಕಾಳಜಿ ಇಮ್ಮಡಿಯಾಗಬೇಕು.

ನಾಯಿಯ ನಿಷ್ಠೆಯನ್ನು ಮಾರಿ ಲಾಭ ಗಳಿಸಿದವರು ಬಹಳ. ಆ ನಿಷ್ಠೆಯ ಸಾಲವನ್ನು ಅಷ್ಟಿಷ್ಟಾದರೂ ತೀರಿಸುವ ಅಂಗಡಿಯನ್ನು ಗಿರಾಕಿಯು ಮರೆಯಲಾರನು. ಜಗಲಿಯ ಮೇಲೆ ಮಲಗಿರುವ ಆ ಬಡಪ್ರಾಣಿಯಂತೂ ಮರೆಯುವುದೇ ಇಲ್ಲ.