ಎನ್‌ಫೀಲ್ಡ್ ದೆವ್ವ ತಮಿಳು ಮಾತಾಡಿದಾಗ

ಕಳೆದ ಚಳಿಗಾಲದ ರಜೆಯಲ್ಲಿ ನಮ್ಮ ಬಾಡಿಗೆ ಮನೆಯವರೆಲ್ಲ ಸೇರಿ 'ದಿ ಕಾಂಜ್ಯೂರಿಂಗ್ 2' ನೋಡಿದೆವು. ಕಥೆ ನಡೆಯೋದು ನಾವಿರೋ ಇದೇ ಲಂಡನ್ನಿನ ಎನ್‌ಫೀಲ್ಡ್‌ನಲ್ಲಿ, 1977ರಲ್ಲಿ. ಆದರೆ ನೋಡಿದ್ದು ತಮಿಳಿನಲ್ಲಿ! ಆಯ್ಕೆ ಮಧುರೈ ಗೆಳೆಯನದು. ನಮ್ಮ ಕೋಲಾರದ ಗೆಳತಿಗೆ ತಮಿಳು ಚೆನ್ನಾಗಿ ಬರುತ್ತೆ, ಧಾರವಾಡದವನಿಗೆ ಒಂದಕ್ಷರ ಬರಲ್ಲ. ಹೆದರಿದ್ದು ಮಾತ್ರ ಇಬ್ಬರೂ ಸಮಸಮ. ಇಂಗ್ಲಿಷ್ ಬಲ್ಲವರೂ ಹಾರರ್ ಸಿನಿಮಾನ ತಮಿಳು ಡಬ್ಬಿಂಗ್‌ನಲ್ಲಿ ಯಾಕೆ ಇಷ್ಟಪಡ್ತಾರೆ? ಆಮೇಲೆ ಚಹಾ ಕುಡೀತಾ ನಾವು ಕಂಡುಕೊಂಡ ಉತ್ತರಗಳಿವು.

ಮೊದಲನೆಯದು ತಾಂತ್ರಿಕ. ಡಬ್ಬಿಂಗ್ ಮಾಡೋರಿಗೆ ಮಾತು ಬೇರೆ, ಸಂಗೀತ ಮತ್ತು ಸದ್ದು ಬೇರೆ ಟ್ರ್ಯಾಕ್‌ಗಳಲ್ಲಿ ಸಿಗುತ್ತೆ. ಬದಲಾಗೋದು ಮಾತು ಮಾತ್ರ. ಕಿರ್ರೆನ್ನುವ ಬಾಗಿಲು, ಮಹಡಿಯ ಹೆಜ್ಜೆ ಸಪ್ಪಳ ಹಾಗೇ ಉಳಿಯುತ್ತವೆ. ಹಾರರ್‌ನಲ್ಲಿ ಅರ್ಧ ಕೆಲಸ ಇವುಗಳದ್ದೇ. 2013ರ ಮೊದಲ 'ಕಾಂಜ್ಯೂರಿಂಗ್'ನಲ್ಲಿ ಕತ್ತಲಲ್ಲಿ ಕೇಳುವ ಚಪ್ಪಾಳೆಗೆ ಯಾವ ಅನುವಾದ ಬೇಕು? 2018ರ 'ಎ ಕ್ವಯಟ್ ಪ್ಲೇಸ್'ನಲ್ಲಂತೂ ಮನೆಮಂದಿ ಬಹುಪಾಲು ಮಾತಾಡೋದೇ ಕೈಸನ್ನೆಯಲ್ಲಿ.

ಎರಡನೆಯದು ತುಟಿಚಲನೆ. ಹಾಸ್ಯ ಚಿತ್ರದಲ್ಲಿ ಮಾತಿಗೂ ತುಟಿಗೂ ಹೊಂದದಿದ್ದರೆ ತಕ್ಷಣ ಗೊತ್ತಾಗುತ್ತೆ. ಹಾರರ್‌ನಲ್ಲಿ ಕತ್ತಲೆ ಜಾಸ್ತಿ, ಮಾತಾಡೋರ ಮುಖ ಕಾಣೋದೇ ಕಮ್ಮಿ. 'ಕಾಂಜ್ಯೂರಿಂಗ್ 2'ರಲ್ಲಿ ಎಡ್ ಬೆನ್ನು ತಿರುಗಿಸಿ ಕೂತು ಪ್ರಶ್ನೆ ಕೇಳ್ತಾನೆ. ಹಿಂದೆ ಮಸುಕಾಗಿ ಕಾಣುವ ಹುಡುಗಿಯಿಂದ ಮುದುಕನ ದನಿ ಬರುತ್ತೆ. ದೇಹ ಒಬ್ಬರದು, ದನಿ ಇನ್ನೊಬ್ಬರದು ಅನ್ನೋದೇ ಅಲ್ಲಿನ ಭಯ. 1973ರ 'ದಿ ಎಕ್ಸಾರ್ಸಿಸ್ಟ್'ನಲ್ಲಿ ಬಾಲನಟಿ ಲಿಂಡಾ ಬ್ಲೇರ್ ಮೈಮೇಲೆ ಬಂದ ಪಿಶಾಚಿಗೆ ದನಿ ಕೊಟ್ಟಿದ್ದು ಮರ್ಸಿಡಿಸ್ ಮೆಕೇಂಬ್ರಿಡ್ಜ್ ಎಂಬ ಹಿರಿಯ ನಟಿ. ಅಂದ್ರೆ ಮೂಲ ಇಂಗ್ಲಿಷ್‌ನಲ್ಲೇ ಅದು ಡಬ್ಬಿಂಗ್!

ಮೂರನೆಯದು ಪದಗಳು. 'ಡೀಮನ್' ನಾವು ಓದಿ ಕಲಿತ ಪದ. 'ಪೇಯ್' ಅನ್ನೋದು ಮಧುರೈ ಗೆಳೆಯ ಅಜ್ಜಿ ಬಾಯಲ್ಲಿ ಕೇಳಿ ಬೆಳೆದ ಪದ. ನಮಗೆ 'ದೆವ್ವ' ಇದ್ದಂತೆ. 90ರ ದಶಕದಲ್ಲಿ ಬೆಂಗಳೂರಿನ ಬಾಗಿಲುಗಳ ಮೇಲೆ 'ನಾಳೆ ಬಾ' ಅಂತ ಬರೀತಿದ್ದರಲ್ಲ, ಆ ದೆವ್ವ ಮನೆಯವರ ದನಿಯಲ್ಲೇ ಕರೆಯುತ್ತೆ ಅನ್ನೋ ಸುದ್ದಿ ಹಬ್ಬಿತ್ತು. ಇಂಗ್ಲಿಷ್‌ನಲ್ಲಿ ಕರೆದಿದ್ದರೆ ಯಾರು ತಾನೇ ಬಾಗಿಲು ತೆರೀತಿದ್ದರು?

ಹಾಗಾದ್ರೆ ಕನ್ನಡದಲ್ಲಿ ಯಾಕಿಲ್ಲ? ಇಲ್ಲಿನ ಕಲಾವಿದರು, ತಂತ್ರಜ್ಞರ ಕೆಲಸ ಹೋಗುತ್ತೆ ಅನ್ನೋ ಆತಂಕದಿಂದ 1960ರ ದಶಕದಿಂದಲೂ ಡಬ್ಬಿಂಗ್‌ಗೆ ಅಘೋಷಿತ ತಡೆ ಇತ್ತು. ಆ ಆತಂಕವನ್ನು ನಾವು ಹಗುರವಾಗಿ ಕಾಣಲ್ಲ. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಈ ತಡೆ ಕಾನೂನಿಗೆ ವಿರುದ್ಧ ಎಂದಿತು. 2017ರಲ್ಲಿ ಅಜಿತ್ ನಟನೆಯ ತಮಿಳು ಚಿತ್ರ 'ಸತ್ಯದೇವ್ ಐಪಿಎಸ್' ಆಗಿ ಕನ್ನಡಕ್ಕೆ ಬಂತು. ಆದರೆ ಆ ರಾತ್ರಿ ನಮ್ಮ ಮುಂದಿದ್ದ ಭಾಷೆಗಳ ಪಟ್ಟಿಯಲ್ಲಿ ತಮಿಳಿತ್ತು, ತೆಲುಗಿತ್ತು, ಕನ್ನಡ ಇರಲಿಲ್ಲ.

ಮರುದಿನ ಧಾರವಾಡದವನು ಅಜ್ಜಿಗೆ ಫೋನ್ ಮಾಡಿ ಇಡೀ ಕಥೆ ಹೇಳಿದ. ಕನ್ನಡ ಬಿಟ್ಟು ಬೇರೆ ಬಾರದ ಅಜ್ಜಿ ಸುಮ್ಮನೆ ಕೇಳಿಸಿಕೊಂಡು, "ಆ ಹುಡುಗೀಗೆ ಯಾರೂ ಒಂದು ತಾಯತಾ ಕಟ್ಟಲಿಲ್ಲೇನಪಾ?" ಅಂದರು.

ನಮಗಂತೂ ಇಂಗ್ಲಿಷ್ ಇದೆ, ಸಬ್‌ಟೈಟಲ್ ಇದೆ. ಅಜ್ಜಿಗೆ ಇರೋದು ಮೊಮ್ಮಗನ ಫೋನ್ ಒಂದೇ. ನಿಮಗೇನನ್ನಿಸುತ್ತೆ? ಯುಗಾದಿ ಊಟಕ್ಕೆ ಸಿಕ್ಕಾಗ ಹೇಳಿ.