ಅರಮನೆಯ ಮಾತು, ಬೀದಿಯ ಸದ್ದು

ಫ್ರೆಂಚ್ ಮಹಾಕವಿ ಕಾರ್ನೇಯ್ 1664ರಲ್ಲಿ ‘ಒಥೋನ್’ ಎಂಬ ರುದ್ರನಾಟಕವನ್ನು ರಚಿಸಿದನು. ಕಥೆ ನಡೆಯುವುದು ಕ್ರಿ.ಶ. 69ರ ರೋಮಿನಲ್ಲಿ. ಮುದಿ ಚಕ್ರವರ್ತಿ ಗಾಲ್ಬನಿಗೆ ಉತ್ತರಾಧಿಕಾರಿ ಬೇಕು. ಒಥೋನನ ಒಲವು ಪ್ಲೋಟೀನಳ ಮೇಲೆ. ಪಟ್ಟ ದೊರೆಯಬೇಕಾದರೆ ವರಿಸಬೇಕಾದುದು ಚಕ್ರವರ್ತಿಯ ಬಂಧು ಕಮೀಲೆಯನ್ನು. ವಿವಾಹಗಳೆಲ್ಲ ಇಲ್ಲಿ ಚದುರಂಗದ ನಡೆಗಳು. ಐದು ಅಂಕಗಳಲ್ಲಿಯೂ ರೋಮಿನ ಜನತೆಗೆ ಒಂದು ಪಾತ್ರವಿಲ್ಲ.

ಸ್ಟ್ರೌಬ್ ಮತ್ತು ಹ್ಯುಯಿಲೆ ದಂಪತಿಗಳು ಈ ನಾಟಕವನ್ನು ತೆರೆಗೆ ತಂದರು. ಚಿತ್ರ 1970ರಲ್ಲಿ ಹೊರಬಂದಿತು. ಪ್ಯಾಲಟೈನ್ ಗುಡ್ಡದ ಪಾಳು ಅರಮನೆಗಳ ನಡುವೆ ಟೋಗಾ ಧರಿಸಿದ ನಟರು ಕಾರ್ನೇಯ್‌ನ ಪದ್ಯಗಳನ್ನು ನುಡಿಯುತ್ತಾರೆ. ಕೆಳಗಿನ ಬೀದಿಗಳಲ್ಲಿ ಇಪ್ಪತ್ತನೆಯ ಶತಮಾನದ ಮೋಟಾರುಗಳು ಹರಿಯುತ್ತವೆ. ಆ ಸದ್ದನ್ನು ನಿರ್ದೇಶಕರು ಅಳಿಸಲಿಲ್ಲ.

ಛಂದಸ್ಸಿನ ಪಾಠ ಹೇಳುವ ನನಗೆ ಮೊದಲು ಅದು ರಸಭಂಗವೆಂದೇ ತೋರಿತು. ಬರಬರುತ್ತ ಬೇರೊಂದು ಅರ್ಥ ಹೊಳೆಯಿತು: ನಾಟಕದಲ್ಲಿ ಬಾಯಿಲ್ಲದ ರೋಮ್ ಇಲ್ಲಿ ಸದ್ದಾಗಿ ಬಂದಿದೆ. ಅರಮನೆ ಬೀದಿಯನ್ನು ಕೇಳದು. ಬೀದಿಗೆ ಅರಮನೆಯ ಮಾತು ತಲಪದು.

ಕೊನೆಗೆ ಗಾಲ್ಬನು ಹತನಾಗುತ್ತಾನೆ, ಸೈನಿಕರು ಒಥೋನನನ್ನು ಚಕ್ರವರ್ತಿಯೆಂದು ಸಾರುತ್ತಾರೆ. ರೋಮ್ ಒಂದು ದಿನ ತಾನೇ ಆರಿಸಿಕೊಂಡೀತೆಂಬ ಆಸೆಯಾದರೋ ಚಿತ್ರದ ನೀಳವಾದ ಶೀರ್ಷಿಕೆಯಲ್ಲಿಯೇ ಉಳಿದಿದೆ. ಆ ದಿನದವರೆಗೆ ಬೀದಿಯ ಸದ್ದು ನಿಲ್ಲಬಾರದು.