ಖುಲಾಸೆ ಕೋರ್ಟಿನಲ್ಲಿ, ಶೀಟ್ ಸ್ಟೇಷನ್ನಿನಲ್ಲಿ

ಬೋಗಾದಿಯಲ್ಲಿ ಒಬ್ಬ ಹುಡುಗ ಇದ್ದಾನೆ ಅಂತ ಇಟ್ಕೊಳ್ಳಿ. ಇಪ್ಪತ್ತನೇ ವಯಸ್ಸಲ್ಲಿ ರಿಂಗ್ ರೋಡ್ ಪಕ್ಕದ ಯಾವುದೋ ಹೊಡೆದಾಟದ ಕೇಸಿನಲ್ಲಿ ಇವನ ಹೆಸರೂ ಸೇರಿತು. ಸ್ಟೇಷನ್ನಿನಲ್ಲಿ ರೌಡಿ ಶೀಟ್ ತೆರೆದರು. ಆರು ವರ್ಷ ಕೋರ್ಟಿಗೆ ಅಲೆದ, ಖುಲಾಸೆ ಆಯ್ತು. ಈಗ ದುಬೈನಲ್ಲಿ ಎಸಿ ಮೆಕ್ಯಾನಿಕ್ ಕೆಲಸ ಸಿಕ್ಕಿದೆ. ಪಾಸ್‌ಪೋರ್ಟಿಗೆ ಅರ್ಜಿ ಹಾಕಿದರೆ ಪೊಲೀಸ್ ವೆರಿಫಿಕೇಶನ್‌ನಲ್ಲಿ ‘ಅಡ್ವರ್ಸ್’ ರಿಪೋರ್ಟ್. ಕಾರಣ? ಶೀಟ್ ಇನ್ನೂ ಇದೆಯಂತೆ!

ಇದು ಸರೀನಾ? ಕಾನೂನು ಏನು ಹೇಳುತ್ತೆ ನೋಡೋಣ.

ಪಾಸ್‌ಪೋರ್ಟನ್ನು ಯಾವ ಕಾರಣಕ್ಕೆ ನಿರಾಕರಿಸಬಹುದು ಅನ್ನೋದು 1967ರ ಪಾಸ್‌ಪೋರ್ಟ್ ಕಾಯ್ದೆಯ 6ನೇ ಸೆಕ್ಷನ್‌ನಲ್ಲಿದೆ. ದೇಶದ ಭದ್ರತೆಯಂಥ ಕಾರಣಗಳನ್ನು ಬಿಡಿ. ಕ್ರಿಮಿನಲ್ ಕೇಸಿನ ವಿಷಯದಲ್ಲಿ ಮುಖ್ಯವಾದವು ಎರಡು. ಹಿಂದಿನ ಐದು ವರ್ಷದಲ್ಲಿ ನೈತಿಕ ಅಧಃಪತನದ ಅಪರಾಧಕ್ಕೆ ಎರಡು ವರ್ಷ ಅಥವಾ ಹೆಚ್ಚು ಶಿಕ್ಷೆ ಆಗಿರಬೇಕು. ಇಲ್ಲವೇ ಕೋರ್ಟಿನಲ್ಲಿ ಕೇಸು ಬಾಕಿ ಇರಬೇಕು. ಬಾಕಿ ಇದ್ದರೂ ಆ ಕೋರ್ಟಿನ ಅನುಮತಿ ತಂದರೆ ಕೊಡಬಹುದು ಅಂತ 1993ರ ಅಧಿಸೂಚನೆ ಇದೆ. ಬರೀ ಎಫ್‌ಐಆರ್ ಇದ್ದ ಮಾತ್ರಕ್ಕೆ ಕೇಸು ಬಾಕಿ ಇದೆ ಅಂತ ಅಲ್ಲ ಅನ್ನೋದನ್ನು ವಿದೇಶಾಂಗ ಸಚಿವಾಲಯವೇ 2019ರಲ್ಲಿ ಸ್ಪಷ್ಟಪಡಿಸಿದೆ. ಆ ಸೆಕ್ಷನ್‌ನಲ್ಲಿ ‘ರೌಡಿ ಶೀಟ್’ ಅನ್ನೋ ಮಾತೇ ಇಲ್ಲ ಸ್ವಾಮಿ.

ಮತ್ತೆ ಈ ಶೀಟ್ ಎಲ್ಲಿಂದ ಬಂತು? ಕರ್ನಾಟಕ ಪೊಲೀಸ್ ಮ್ಯಾನ್ಯುಯಲ್‌ನ 1059ನೇ ಆದೇಶದಿಂದ. ಯಾರ ಮೇಲೆ ಕಣ್ಣಿಡಬೇಕು ಅಂತ ಪೊಲೀಸರು ತಮಗೋಸ್ಕರ ಇಟ್ಕೊಳ್ಳೋ ಪುಸ್ತಕ ಅದು. ಹೆಸರು ಸೇರಿಸುವ ಮುಂಚೆ ಆ ವ್ಯಕ್ತಿಗೆ ನೋಟಿಸ್ ಕೊಟ್ಟು, ಅವನ ಮಾತು ಕೇಳಿ ಅಂತ ನಮ್ಮ ಹೈಕೋರ್ಟ್ 2022ರಲ್ಲಿ ಹೇಳಿತು. ಹಿಸ್ಟರಿ ಶೀಟ್ ಪೊಲೀಸರ ಆಂತರಿಕ ದಾಖಲೆ, ಸಾರ್ವಜನಿಕವಾಗಿ ತೋರಿಸೋದಲ್ಲ, ಹಿರಿಯ ಅಧಿಕಾರಿ ಆಗಾಗ ಪರಿಶೀಲಿಸಬೇಕು ಅಂತ ಸುಪ್ರೀಂ ಕೋರ್ಟ್ 2024ರ ಮೇ 7ರಂದು ಹೇಳಿತು. (ಟಿವಿಯಲ್ಲಿ ರೌಡಿ ಪರೇಡ್ ನೋಡ್ತೀರಲ್ಲ, ಆವಾಗ ಈ ಮಾತು ನೆನಪಿರಲಿ.)

ಪೊಲೀಸರ ಕಡೆಯ ಮಾತೂ ಇದೆ. ಸಾಕ್ಷಿಗಳು ಉಲ್ಟಾ ಹೊಡೆದು ಖುಲಾಸೆ ಆದವರನ್ನು ಸಾಚಾ ಅನ್ನೋಕಾಗುತ್ತಾ ಅಂತ ಕೇಳ್ತಾರೆ. ನನ್ನ ಉತ್ತರ ಇಷ್ಟೇ: ಹೊಸ ಕಾರಣ ಇದ್ದರೆ ತಾರೀಖು ಹಾಕಿ ಬರೀರಿ. ಬಿದ್ದುಹೋದ ಕೇಸಿನ ಹೆಸರಲ್ಲಿ ಶೀಟ್ ಮುಂದುವರಿಸೋದು, ಜಡ್ಜ್ ಬರೆದ ತೀರ್ಪಿನ ಮೇಲೆ ಸ್ಟೇಷನ್ ರೈಟರ್ ಮೇಲ್ಮನವಿ ಹಾಕಿದ ಹಾಗಾಯ್ತು.

ವಿದೇಶಕ್ಕೆ ಹೋಗೋದು ವೈಯಕ್ತಿಕ ಸ್ವಾತಂತ್ರ್ಯದ ಭಾಗ, ನ್ಯಾಯವಾದ ಕ್ರಮ ಇಲ್ಲದೆ ಅದನ್ನು ಕಿತ್ಕೊಳ್ಳೋ ಹಾಗಿಲ್ಲ ಅಂತ ಮೇನಕಾ ಗಾಂಧಿ ಕೇಸಿನ ತೀರ್ಪು ಬಂದಿದ್ದು 1978ರ ಜನವರಿ 25ಕ್ಕೆ. ದೇಶದ ಮೊದಲ ಎರಡು ಅಂಚೆ ಕಚೇರಿ ಪಾಸ್‌ಪೋರ್ಟ್ ಕೇಂದ್ರಗಳಲ್ಲಿ ಒಂದು ನಮ್ಮ ಮೈಸೂರಲ್ಲಿ ಶುರುವಾಗಿದ್ದೂ ಜನವರಿ 25ಕ್ಕೇ, 2017ರಲ್ಲಿ. ಕೇಂದ್ರ ಊರಿಗೇ ಬಂತು, ಸ್ಟೇಷನ್ನಿನ ಕಡತ ಮಾತ್ರ ಅಲ್ಲೇ ಇದೆ.

ಹಾಗಾದ್ರೆ ಈ ಹುಡುಗ ಏನು ಮಾಡಬೇಕು? ಫಾರಂನಲ್ಲಿ ಕೇಳಿದ್ದಕ್ಕೆ ಸುಳ್ಳು ಬರೆಯಬಾರದು, ಅದೇ ಇನ್ನೊಂದು ಅಪರಾಧ ಆಗುತ್ತೆ. ತೀರ್ಪಿನ ದೃಢೀಕೃತ ನಕಲು ತಗೊಂಡು ಪಾಸ್‌ಪೋರ್ಟ್ ಕಚೇರಿಯ ನೋಟಿಸಿಗೆ ಉತ್ತರದ ಜೊತೆ ಲಗತ್ತಿಸಬೇಕು. ಇನ್ನೊಂದು ನಕಲು ಇಟ್ಟು, ಶೀಟ್ ಮುಚ್ಚಿ ಅಂತ ಪೊಲೀಸ್ ಕಮಿಷನರಿಗೆ ಬೇರೆಯೇ ಮನವಿ ಕೊಟ್ಟು ಸ್ವೀಕೃತಿ ಪಡೀಬೇಕು. ಆಮೇಲೂ ಪಾಸ್‌ಪೋರ್ಟ್ ಕೊಡಲ್ಲ ಅಂದ್ರೆ, ಕಾರಣವನ್ನು ಬರವಣಿಗೆಯಲ್ಲಿ ಕೇಳಬೇಕು. ಆದೇಶ ಕೈಗೆ ಬಂದ 30 ದಿನದೊಳಗೆ ಮೇಲ್ಮನವಿ ಹಾಕಬಹುದು. ಅಲ್ಲೂ ಆಗದಿದ್ದರೆ ಹೈಕೋರ್ಟ್ ಇದೆ. ಅಷ್ಟರಲ್ಲಿ ದುಬೈ ಕಂಪನಿ ಕಾಯುತ್ತಾ, ಅದನ್ನು ನೀವೇ ಹೇಳಿ.